ಮೂರನೇ ಎಳೆತ

ರಜನೀಶ ಕಿವಿಯಿಂದ ಹೆಡ್‌ಫೋನ್ ತೆಗೆದು ಮೇಜಿನ ಮೇಲಿಟ್ಟಾಗ ಅವನ ಮುಖದಲ್ಲಿ ಹೆದರಿಕೆಯ ಗುರುತೇ ಇರಲಿಲ್ಲ. ಒಳ್ಳೆಯ ಊಟ ಮುಗಿಸಿ ಕೈತೊಳೆದು ಬಂದವನ ಹಾಗೆ ಕಾಣುತ್ತಿದ್ದ. ಎದುರಿಗೆ ಪ್ಲಾಸ್ಟಿಕ್ ಕುರ್ಚಿಯ ತುದಿಯಲ್ಲಿ ಕೂತಿದ್ದ ಭಾನುಪ್ರಿಯಾಳಿಗೆ ಅಲ್ಲೇ ಅರ್ಧ ಜೀವ ಹೋಯಿತು.

"ಅಕ್ಕ, ಬೇಜಾರ್ ಮಾಡ್ಕೋಬೇಡಿ. ಇದನ್ನ ಕೇಳಿದ್ರೆ ದೆವ್ವ ಬರುತ್ತೆ ಅನ್ಸಲ್ಲ. ಮದುಮಗಳು ಬರ್ತಾಳೆ ಅನ್ಸುತ್ತೆ."

"ಎಲ್ಲಿ ಹಂಗನ್ಸುತ್ತೆ?"

"ಎಲ್ಲಾ ಕಡೆ. ಎರಡನೇ ನಿಮಿಷದಲ್ಲಂತೂ ಅಕ್ಷತೆ ಹಾಕೋಕೆ ಕೈ ಎತ್ತಿಬಿಟ್ಟೆ ನಾನು."

ಅದು ಚನ್ನರಾಯಪಟ್ಟಣದಲ್ಲಿ ರಜನೀಶನ ಅಪ್ಪನ ಕೊಬ್ಬರಿ ಅಂಗಡಿಯ ಮೇಲಿನ ಕೋಣೆ. ಮೂರು ವರ್ಷದಿಂದ ಅವನು ಅಲ್ಲಿ ಒಬ್ಬನೇ ಕೂತು ಕಂಪ್ಯೂಟರಿನಲ್ಲಿ ಆಡುವ ಒಂದು ಭಯದ ಗೇಮ್ ಮಾಡುತ್ತಿದ್ದ. ಮುಚ್ಚಿಹೋದ ತೆಂಗಿನ ನಾರಿನ ಕಾರ್ಖಾನೆ. ಆಡುವವನ ಕೈಯಲ್ಲಿ ಒಂದು ಟಾರ್ಚು. ನಾರಿನ ರಾಶಿಗಳ ನಡುವೆ ಹೊರಗೆ ಹೋಗುವ ಬಾಗಿಲು ಹುಡುಕಬೇಕು. ರಾಶಿಗಳ ಹಿಂದೆ ಏನೋ ಒಂದು ಓಡಾಡುತ್ತಿದೆ. ಅದು ಕೊನೆಯವರೆಗೂ ಕಣ್ಣಿಗೆ ಬೀಳುವುದಿಲ್ಲ. ಕಣ್ಣಿಗೆ ಬೀಳದ್ದು ಕಿವಿಗಾದರೂ ಬೀಳಬೇಕಲ್ಲ, ಆ ಕೆಲಸವನ್ನು ಅವನು ಭಾನುಪ್ರಿಯಾಳಿಗೆ ವಹಿಸಿದ್ದ.

ಭಾನುಪ್ರಿಯಾ ಹಾಸನದ ಒಂದು ಸ್ಟುಡಿಯೋದಲ್ಲಿ ಮದುವೆ ವಿಡಿಯೋ ಎಡಿಟ್ ಮಾಡುವವಳು. ನಾಲ್ಕು ವರ್ಷದಲ್ಲಿ ಮುನ್ನೂರು ಮದುವೆ ಅವಳ ಬೆರಳಿನ ಕೆಳಗೆ ಹಾದುಹೋಗಿದ್ದವು. ಎಲ್ಲಿ ವಾಲಗ ಏರಬೇಕು, ಎಲ್ಲಿ ವೀಣೆ ಬರಬೇಕು, ಮದುಮಗಳ ತಾಯಿ ಕಣ್ಣೊರೆಸಿಕೊಳ್ಳುವಾಗ ಕೊಳಲು ಎಷ್ಟು ಹೊತ್ತು ನಿಲ್ಲಬೇಕು, ಎಲ್ಲ ಕೈಗೆ ಕೂತುಬಿಟ್ಟಿತ್ತು. ಈಗ ದೆವ್ವಕ್ಕೆ ಸಂಗೀತ ಮಾಡು ಎಂದರೂ ಆ ಕೈ ತಾನಾಗಿಯೇ ಅರಿಶಿನ ಕುಂಕುಮ ಹಚ್ಚಿಬಿಡುತ್ತಿತ್ತು.

"ಸೋಮವಾರ ಬೆಳಗ್ಗೆ ಹನ್ನೊಂದು ಗಂಟೆಗೆ ಗೇಮ್ ಕಳಿಸ್ಬೇಕು ಅಕ್ಕ. ಚಿಕ್ಕ ಚಿಕ್ಕ ಗೇಮ್ ಮಾಡೋರಿಗೆ ಅಂತ ಇರೋ ಸ್ಪರ್ಧೆ. ಅಷ್ಟರೊಳಗೆ ಬೇರೆ ಸದ್ದು ಸಿಕ್ರೆ ಸರಿ. ಇಲ್ಲಾಂದ್ರೆ ನೆಟ್‌ನಲ್ಲಿ ರೆಡಿಮೇಡ್ ಸಿಗುತ್ತೆ, ಅದನ್ನ ಹಾಕ್ತೀನಿ." ಅವನು ತಲೆ ಕೆರೆದುಕೊಂಡ. "ಅವಾಗ ಮೊದಲನೇ ಸ್ಕ್ರೀನ್‌ನಲ್ಲಿ ನಿಮ್ಮ ಹೆಸರು..."

ಪರದೆಯ ಮೇಲೆ ಆ ಹೆಸರು ಆಗಲೇ ಇತ್ತು. ಕಪ್ಪು ಹಿನ್ನೆಲೆಯಲ್ಲಿ ಬಿಳಿ ಅಕ್ಷರ: ಸಂಗೀತ, ಭಾನುಪ್ರಿಯಾ. ಮುನ್ನೂರು ಮದುವೆಯ ವಿಡಿಯೋದಲ್ಲಿ ಗಂಡಿನ ಹೆಸರಿತ್ತು, ಹೆಣ್ಣಿನ ಹೆಸರಿತ್ತು, ಸ್ಟುಡಿಯೋದ ಹೆಸರು ಎರಡು ಸಲ ಇತ್ತು, ಶಾಮಿಯಾನದವರ ಫೋನ್ ನಂಬರ್ ಕೂಡ ಇತ್ತು. ಅವಳದು ಎಲ್ಲಿಯೂ ಇರಲಿಲ್ಲ. ಆ ಬಿಳಿ ಅಕ್ಷರಗಳ ಫೋಟೊ ತೆಗೆದು ಅಜ್ಜಿಗೆ ತೋರಿಸಿ ಬಂದಿದ್ದಳು. ಈಗ ಅದನ್ನು ಅಳಿಸುತ್ತಾರೆ ಎಂದು ಹೇಳುವುದು ಹೇಗೆ?

ಶುಕ್ರವಾರ ಇಡೀ ದಿನ ಅವಳು ಹೆದರಿಸುವ ಸದ್ದು ಹುಡುಕಿಕೊಂಡು ಅಲೆದಳು. ಸ್ಟುಡಿಯೋದ ಶಟರ್ ನಿಧಾನವಾಗಿ ಎಳೆದು ರೆಕಾರ್ಡ್ ಮಾಡಿಕೊಂಡಳು. ಕೇಳಿದರೆ ಶಟರ್ ಎಳೆದ ಹಾಗೇ ಇತ್ತು. ಕುಕ್ಕರಿನ ವಿಷಲ್ಲನ್ನು ಹತ್ತು ಪಟ್ಟು ನಿಧಾನ ಮಾಡಿದಳು. ಜೊತೆಯ ಹುಡುಗಿ ಕೇಳಿ, "ಆನೆಗೆ ನೆಗಡಿ ಆಗಿದ್ಯಾ?" ಎಂದಳು. ಮಧ್ಯಾಹ್ನ ಬಸ್ಸು ಹತ್ತಿ ಹತ್ತಿರದ ಮೊಸಳೆ ಎಂಬ ಊರಿಗೆ ಹೋದಳು. ಅಲ್ಲಿ ಅಕ್ಕಪಕ್ಕ ನಿಂತಿರುವ ಎರಡು ಹಳೆಯ ಗುಡಿಗಳಿವೆ, ಒಳಗಿನ ಕತ್ತಲಲ್ಲಿ ಮೌನವಾದರೂ ಭಯಂಕರವಾಗಿ ಸಿಕ್ಕೀತು ಎಂಬ ಆಸೆ. ಮೈಕು ಹಿಡಿದು ಕಣ್ಣು ಮುಚ್ಚಿ ನಿಂತಳು. ಎರಡನೇ ನಿಮಿಷಕ್ಕೆ ಶಾಲಾ ಪ್ರವಾಸದ ಬಸ್ಸೊಂದು ಬಂದು ನಿಂತಿತು. ಎಪ್ಪತ್ತು ಮಕ್ಕಳು ಒಬ್ಬರಾದ ಮೇಲೊಬ್ಬರು ಮೈಕಿನ ಮುಂದೆ ಬಂದು "ಹಲೋ ಮೈಕ್ ಟೆಸ್ಟಿಂಗ್" ಎಂದು ಹೋದರು.

ಶನಿವಾರ ಬೆಳಗ್ಗೆ ಅರಕಲಗೂಡಿನ ಬಸ್ಸು ಹಿಡಿದು, ಅಲ್ಲಿಂದ ಇನ್ನೊಂದು ಬಸ್ಸಿನಲ್ಲಿ ತನ್ನೂರು ಮಲ್ಲಿಪಟ್ಟಣಕ್ಕೆ ಹೋದಳು. ಅಜ್ಜ ಅಜ್ಜಿಯ ಮುಂದೆ ಒಂದು ಸಲ ಅತ್ತುಬಿಟ್ಟರೆ ಭಾನುವಾರ ಹೊಸದಾಗಿ ಶುರು ಮಾಡಬಹುದು ಎನ್ನುವುದು ಅವಳ ಲೆಕ್ಕ.

ಅಜ್ಜಿ ಬೆಟ್ಟಮ್ಮ ಅಳುವುದಕ್ಕೆ ಬಿಡಲಿಲ್ಲ. "ಅದೇನು ಮಾಡಿದ್ದೀಯೋ ನಂಗೂ ಒಸಿ ಕೇಳ್ಸು," ಎಂದು ಸೆರಗು ಸರಿಮಾಡಿಕೊಂಡು ಹೆಡ್‌ಫೋನ್ ಹಾಕಿಸಿಕೊಂಡಳು. ಗೋಡೆಯ ಮೇಲೆ ಬುದ್ಧನ ಪಟವೂ ಅಂಬೇಡ್ಕರರ ಪಟವೂ ಇದ್ದವು. ಅವುಗಳ ಕೆಳಗೆ ಕೂತು ಕಣ್ಣು ಮುಚ್ಚಿ ತಲೆದೂಗಿದಳು. ಮುಗಿದ ಮೇಲೆ ಮೊಮ್ಮಗಳ ಕೈಹಿಡಿದು, "ಚೆನ್ನಾಗೈತೆ ಕಣವ್ವ. ಎದ್ದು ಊಟುಕ್ ಓಗ್ಬೇಕು ಅನ್ನುಸ್ತದೆ," ಎಂದಳು.

"ಅಜ್ಜೀ! ಇದು ಹೆದರಿಸೋಕೆ ಮಾಡಿದ್ದು!"

"ಯಾರ್ನ?"

"ಜನಗಳನ್ನ."

"ಯಾಕೆ, ಅವ್ರೇನು ಮಾಡುದ್ರು ನಿಂಗೆ?"

ಭಾನುಪ್ರಿಯಾ ಗೇಮಿನ ಕತೆಯನ್ನೂ, ನಾರಿನ ರಾಶಿಯನ್ನೂ, ಸೋಮವಾರ ಹನ್ನೊಂದು ಗಂಟೆಯನ್ನೂ, ಅಳಿಸಿಹೋಗಲಿರುವ ಹೆಸರನ್ನೂ ಹೇಳಿದಳು. ಹೆಸರಿನ ಮಾತು ಬಂದಾಗ ಬೆಟ್ಟಮ್ಮ ಎಲೆ ಅಡಿಕೆ ಕುಟ್ಟುವುದನ್ನು ನಿಲ್ಲಿಸಿದಳು. ಆಮೇಲೆ ಎದ್ದು ಅಟ್ಟದ ಕೆಳಗೆ ಕೈಹಾಕಿ, ತಳ ಒಡೆದುಹೋಗಿದ್ದ ಒಂದು ಸಣ್ಣ ಮಡಕೆಯನ್ನೂ ಮೇಕೆಯ ಒಣ ಚರ್ಮದ ತುಂಡೊಂದನ್ನೂ ತೆಗೆದಳು. ಅವಳ ತವರು ಹೊಳೆನರಸೀಪುರ. ಮಡಕೆಯೂ ಅಲ್ಲಿಯದೇ.

"ದೆವ್ವ ಗಿವ್ವ ನಂಗೊತ್ತಿಲ್ಲ. ಹಂದಿ ಎದ್ರುಸೋದ್ ಗೊತ್ತು. ಹಂದಿ ಎದ್ರುದ್ರೆ ಮನುಷ್ರು ಎದ್ರಲ್ವಾ?"

ಹಿಂದೆ ಮಲ್ಲಿಪಟ್ಟಣದ ಸುತ್ತಿನ ಹೊಲಗಳಿಗೆ ಕಾಡುಹಂದಿ ನುಗ್ಗುತ್ತಿದ್ದಾಗ ಕಾವಲಿನವರು ಹೀಗೊಂದು ಮಡಕೆ ಕಟ್ಟುತ್ತಿದ್ದರು. ಒಡೆದ ತಳ ಹಾಗೇ ಇರುತ್ತದೆ, ಬಾಯಿಗೆ ಮೇಕೆಯ ಚರ್ಮ ಬಿಗಿಯುತ್ತಾರೆ. ಚರ್ಮದ ನಡುವೆ ಒಂದು ತೂತು ಮಾಡಿ, ಜೇನುಮೇಣ ಸವರಿದ ಹುರಿಯನ್ನು ಪೋಣಿಸಿ, ಒಳಗಡೆ ಗಂಟು ಹಾಕುತ್ತಾರೆ. ಒದ್ದೆ ಬಟ್ಟೆಯಲ್ಲಿ ಹುರಿ ಹಿಡಿದು ಎಳೆದರೆ ಮಡಕೆ ಮಡಕೆಯಾಗಿ ಉಳಿಯುವುದಿಲ್ಲ, ಚಿರತೆಯಾಗುತ್ತದೆ.

ಅಜ್ಜ ಕೆಂಚಯ್ಯ ಜಗಲಿಯ ಮೇಲಿಂದಲೇ ದನಿ ಸೇರಿಸಿದ. "ಇಪ್ಪತ್ತೊರ್ಸ ಈ ಊರ್ನ ಗೆಣಸು ಉಳ್ಸಿದ್ದು ನಾನು ಕಣವ್ವ. ನಾನೊಂದ್ಸಲ ಎಳುದ್ರೆ ಹಂದಿ ಒಳೆ ದಾಟ್ಕಂಡು ಓಗವು."

"ಎಳುದ್ನಂತೆ!" ಬೆಟ್ಟಮ್ಮ ಚರ್ಮ ನೆನೆಸುತ್ತ ಅಂದಳು. "ಅಟ್ಟಣೆ ಅತ್ತೋದು, ಕಂಬ್ಳಿ ಒದ್ಕಳೋದು, ಗೊರ್ಕೆ ಒಡ್ಯೋದು. ಎಳೀತಿದ್ದೋಳು ನಾನು. ಬೆಳಗಾದ್ರೆ ಕೆಂಚಯ್ಯ ಗಂಡ್ಸು ಅಂದ್ರೆ ಗಂಡ್ಸು ಅನ್ನೋರು ಊರೆಲ್ಲ."

"ಗೊರ್ಕೆಗೂ ಓಡೋಗ್ತಿದ್ವು ಕಣೆ ಕೆಲವು," ಎಂದು ಕೆಂಚಯ್ಯ ರಾಜಿ ಮಾಡಿಕೊಂಡ.

ಮೂರು ಗಂಟೆಯ ಹೊತ್ತಿಗೆ ಚರ್ಮ ಒಣಗಿ ಬಿಗಿಯಿತು. ಗಾಳಿಯ ಸದ್ದು ಬಾರದಿರಲೆಂದು ಭಾನುಪ್ರಿಯಾ ಮೈಕಿಗೆ ಬೂದುಬಣ್ಣದ ತುಪ್ಪಳದ ಚೀಲ ತೊಡಿಸಿ, ಉದ್ದನೆಯ ಕೋಲಿಗೆ ಸಿಕ್ಕಿಸಿದಳು. ಇಬ್ಬರೂ ಹಿತ್ತಿಲಿನ ಹುಲ್ಲಿನ ಮೆದೆಯ ಹಿಂದೆ ಕುಕ್ಕರಗಾಲಿನಲ್ಲಿ ಕೂತರು. ಬೆಟ್ಟಮ್ಮ ಮಡಕೆಯನ್ನು ಮೊಣಕಾಲುಗಳ ನಡುವೆ ಒತ್ತಿಕೊಂಡು, ಒದ್ದೆ ಬಟ್ಟೆಯಲ್ಲಿ ಹುರಿ ಹಿಡಿದು, ಬುಡದಿಂದ ತುದಿಗೆ ಒಂದೇ ಸಮನೆ ಎಳೆದಳು.

ಭಾನುಪ್ರಿಯಾಳ ಬೆನ್ನಿನ ಮೇಲೆ ಯಾರೋ ತಣ್ಣೀರು ಹೊಯ್ದಂತಾಯಿತು. ಆ ಸದ್ದು ಮಡಕೆಯಿಂದ ಬಂದಂತಿರಲಿಲ್ಲ, ನೆಲದಿಂದ ಬಂದಂತಿತ್ತು, ಅವಳ ಹೊಟ್ಟೆಯೊಳಗಿಂದಲೇ ಬಂದಂತಿತ್ತು. ಕಣ್ಣರಳಿಸಿ ಅಜ್ಜಿಯನ್ನು ನೋಡಿದಳು. ಅಜ್ಜಿ ಹಲ್ಲಿಲ್ಲದ ಬಾಯಿ ತೆರೆದು ಅವಳನ್ನು ನೋಡಿದಳು. ಇಬ್ಬರಿಗೂ ಒಟ್ಟಿಗೇ ನಗು ಬಂತು. ಬಂದ ನಗು ಹೋಗಲೇ ಇಲ್ಲ. ಬೆಟ್ಟಮ್ಮ ಮೆದೆಗೆ ಒರಗಿ "ಅಯ್ಯೋ ನನ್ನೊಟ್ಟೆ" ಎಂದಳು, ಭಾನುಪ್ರಿಯಾ ಮೈಕಿನ ಕೋಲಿನ ಸಮೇತ ಹುಲ್ಲಿನ ಮೇಲೆ ಉರುಳಿದಳು. ಮೊದಲ ರೆಕಾರ್ಡಿಂಗ್ ಅಲ್ಲಿಗೆ ಹಾಳಾಯಿತು.

"ಸುಮ್ಕೆ ಎಳೀತಾ ಇದ್ರೆ ಆಗಾಕಿಲ್ಲ ಮಗ," ಬೆಟ್ಟಮ್ಮ ಕಣ್ಣೊರೆಸಿಕೊಂಡು ಪಾಠ ಶುರು ಮಾಡಿದಳು. "ಒಂದ್ಸಲ ಎಳುದ್ರೆ ಹಂದಿ ಕತ್ತೆತ್ತದೆ. ಎರಡ್ನೇ ಸಲ ಎಳುದ್ರೆ ಓ ಅಲ್ಲೈತೆ ಅಂತ ಗುರ್ತು ಮಾಡ್ಕತದೆ. ಮೂರ್ನೇ ಸಲ ಎಳೀಬಾರ್ದು. ಎಳುದ್ಯೋ, ಅಲ್ಲೇ ಐತಲ್ಲ ಬುಡು ಅಂತ ಆ ಕಡೀಕೆ ಒಂದು ಕಣ್ಣು ಮಡೀಕಂಡು ಗೆಣಸು ತಿಂತದೆ. ಎಳೀದೆ ಬುಟ್ರೆ, ಇವಾಗ ಎಲ್ಲೋಯ್ತು ಅಂತ ತಿಳೀದೆ ಬಾಲ ಎತ್ಕಂಡು ಓಡ್ತದೆ."

"ಎಷ್ಟೊತ್ತು ಸುಮ್ನಿರ್ಬೇಕು?"

"ಹಂದಿ ಓಡೋಗಗಂಟ."

ನಾಲ್ಕು ವರ್ಷ ಭಾನುಪ್ರಿಯಾ ಒಂದು ಕ್ಷಣವನ್ನೂ ಖಾಲಿ ಬಿಟ್ಟವಳಲ್ಲ. ತಾಳಿ ಕಟ್ಟುವಾಗ ಗಟ್ಟಿಮೇಳ, ಊಟದ ಪಂಕ್ತಿಗೆ ಕೊಳಲು, ಕಾರಿನ ಬಾಗಿಲು ತೆಗೆಯುವುದಕ್ಕೂ ಒಂದು ಝಣ್. ಖಾಲಿ ಬಿಟ್ಟರೆ ಸ್ಟುಡಿಯೋ ಯಜಮಾನರು ಬೈಯುತ್ತಿದ್ದರು. ಈಗ ಅವಳಿಗೆ ಬೇಕಾದದ್ದು ಎರಡು ಎಳೆತ, ಅದಾದ ಮೇಲೆ ಒಂದು ಒಳ್ಳೆಯ ಮೌನ.

ಎರಡು ಎಳೆತ ಸಲೀಸಾಗಿ ಸಿಕ್ಕವು. ಮೌನ ಸಿಗಲಿಲ್ಲ. ಎರಡನೇ ರೆಕಾರ್ಡಿಂಗ್‌ನಲ್ಲಿ ಯಾರದೋ ಮನೆಯ ಮಿಕ್ಸಿ. ಮೂರನೆಯದರಲ್ಲಿ "ಹಳೇ ಕಬ್ಬಿಣಾ, ಹಳೇ ಪೇಪರ್" ಎಂದು ಮೈಕು ಹಾಕಿಕೊಂಡ ಆಟೊ. ನಾಲ್ಕನೆಯದು ಚೆನ್ನಾಗಿಯೇ ಬಂತು, ಆದರೆ ಮೌನದ ನಡುವೆ ಬೆಟ್ಟಮ್ಮ "ಈಗೆಂಗೆ?" ಎಂದು ಕೇಳಿಬಿಟ್ಟಳು. ಐದನೆಯದರಲ್ಲಿ ಮತ್ತೆ ನಗು. ಆರರಲ್ಲಿ ಬೇಲಿಯ ಆಚೆಯಿಂದ "ಅಯ್ಯಯ್ಯಪ್ಪೋ!" ಎಂಬ ಕೂಗು, ಮೇಕೆಗಳು ದಡದಡ ಓಡಿದ ಸದ್ದು.

"ಪಕ್ಕದ್ಮನೆ ಪಾಪಮ್ಮ," ಬೆಟ್ಟಮ್ಮ ಅಂದಳು. "ಮೇಕೆ ಬೈತಾವ್ಳೆ. ಇನ್ನೊಂದು ಎಳೀಲಾ?"

ಏಳನೆಯದಕ್ಕೆ ಕೆಂಚಯ್ಯನ ಗೊರಕೆ ಸೇರಿಕೊಂಡಿತು. ಅಷ್ಟರಲ್ಲಿ ಬೆಟ್ಟಮ್ಮನ ತೋಳು ಸೋತಿತು, ಬೆಳಕೂ ಇಳಿಯಿತು. ನಾಳೆ ಬೆಳಗ್ಗೆ ನೋಡೋಣ ಎಂದು ಇಬ್ಬರೂ ಮುದ್ದೆ ಉಂಡು ಮಲಗಿದರು.

ಭಾನುವಾರ ಬೆಳಗ್ಗೆ ಏಳೂವರೆಗೆ ಬೀದಿಯಲ್ಲಿ ಜೀಪಿನ ಸದ್ದು. ಭಾನುಪ್ರಿಯಾ ಹಲ್ಲುಜ್ಜುತ್ತಲೇ ಹೊರಗೆ ಬಂದಳು. ಅರಣ್ಯ ಇಲಾಖೆಯ ಜೀಪು. ಅದರ ಹಿಂದೆ ಒಂದು ಗಾಡಿ, ಗಾಡಿಯ ಮೇಲೆ ಎಮ್ಮೆಯಷ್ಟು ದೊಡ್ಡ ಕಬ್ಬಿಣದ ಬೋನು. ಗಾರ್ಡ್ ಶಿವಕುಮಾರ್ ಹುಣಸೆಮರದ ಕೆಳಗೆ ಬೋನು ಇಳಿಸುತ್ತಿದ್ದ. ಬೋನಿನ ಒಳಗೆ ಬೇರೆ ಖಾನೆಯಲ್ಲಿ ಒಂದು ಕೋಳಿ. ಸುತ್ತ ದೊಣ್ಣೆ ಹಿಡಿದ ಗಂಡಸರು. ನಡುವೆ ನಿಂತು ಪಾಪಮ್ಮ ವರದಿ ಒಪ್ಪಿಸುತ್ತಿದ್ದಳು. ಶನಿವಾರ ಸಂಜೆಯಿಂದ ಹೇಳಿ ಹೇಳಿ ಅವಳ ಗಂಟಲು ಕಟ್ಟಿತ್ತು, ಉತ್ಸಾಹ ಕಟ್ಟಿರಲಿಲ್ಲ.

"ನಾಕು ಕಿರುಬ ಸಾ! ಒಂದು ತಾಯಿ, ಎರಡು ಮರಿ. ಇನ್ನೊಂದು ಅದ್ರ ಗಂಡ. ಅದ್ಕೆ ಒಸಿ ಗೊಗ್ಗರು ದನಿ."

ಆ ಕಡೆ ಚಿರತೆಯನ್ನು ಕಿರುಬ ಎನ್ನುತ್ತಾರೆ. ಗೊಗ್ಗರು ದನಿಯ ಗಂಡ ಯಾರೆಂದು ಭಾನುಪ್ರಿಯಾಳಿಗೆ ತಕ್ಷಣ ಹೊಳೆಯಿತು. ಅದು ಏಳನೇ ರೆಕಾರ್ಡಿಂಗ್, ಅಜ್ಜನ ಗೊರಕೆ.

"ಕಣ್ಣಾರೆ ನೋಡಿದ್ರಾ ಅಮ್ಮ?" ಶಿವಕುಮಾರ್ ಕೇಳಿದ.

"ನೋಡ್ದೆ ಸುಮ್ಕೆ ಹೇಳ್ತೀನಾ? ಬೆಟ್ಟಮ್ಮಕ್ಕನ ಹುಲ್ಲುಮೆದೆ ಮ್ಯಾಲೆ ಬಾಲ ಎತ್ಕಂಡು ನಿಂತಿತ್ತು. ಇಷ್ಟ್ ದಪ್ಪ. ಬೂದಿ ಬಣ್ಣ. ಅಂಗೇ ಅಲ್ಲಾಡ್ತಿತ್ತು!"

ಭಾನುಪ್ರಿಯಾಳ ಬಾಯಲ್ಲಿದ್ದ ಬ್ರಷ್ಷು ಅಲ್ಲೇ ನಿಂತಿತು. ಮೆಲ್ಲಗೆ ಹಿಂದೆ ಸರಿದು ಮನೆಯೊಳಗೆ ಬಂದಳು. ಬೆಟ್ಟಮ್ಮ ಆಗಲೇ ಮಡಕೆಯ ಮೇಲೆ ಮೊರ ಮುಚ್ಚಿ, ಮೊರದ ಮೇಲೆ ತಾನು ಕೂರಬಹುದೇ ಎಂದು ಯೋಚಿಸುತ್ತಿದ್ದಳು.

"ಅಜ್ಜಿ, ಈಗೇನು ಮಾಡೋದು?"

"ಸುಮ್ಕಿದ್ಬುಡು. ಎರಡು ದಿನ ಕಾದು ಅವ್ರೇ ಓಯ್ತಾರೆ."

"ನಂಗೆ ಎರಡು ದಿನ ಇಲ್ಲ ಅಜ್ಜಿ. ಇವತ್ತೇ ಬೇಕು. ಅಷ್ಟು ಜನ ದೊಣ್ಣೆ ಹಿಡ್ಕೊಂಡಿರುವಾಗ ನೀನು ಒಂದ್ಸಲ ಎಳೆದ್ರೆ ನಮ್ಮ ಮೆದೆಗೆ ಬೆಂಕಿ ಹಾಕ್ತಾರೆ."

ಬಾಯಿಬಿಟ್ಟರೆ ಮಡಕೆ ಕಿತ್ತುಕೊಳ್ಳುತ್ತಾರೆ. ಬಾಯಿಬಿಡದಿದ್ದರೆ ಎಳೆಯುವ ಹಾಗಿಲ್ಲ. ಎರಡರಲ್ಲೂ ಹೆಸರು ಹೋದಂತೆಯೇ. ಕಿಟಕಿಯಿಂದ ನೋಡಿದಳು. ಶುಂಠಿ ಕೀಳಲು ಬಂದ ಹೆಂಗಸರು ಟ್ರಾಕ್ಟರಿನಿಂದ ಇಳಿಯದೆ, ಒಬ್ಬರ ಸೆರಗು ಒಬ್ಬರು ಹಿಡಿದು ಕೂತಿದ್ದರು. ಅವರಲ್ಲೊಬ್ಬಳು, "ಇವತ್ತಿನ ಕೆಲ್ಸ ಓದಂಗೇ," ಎಂದದ್ದು ಕೇಳಿಸಿತು. ಭಾನುಪ್ರಿಯಾ ಬಾಯಿ ಮುಕ್ಕಳಿಸಿ, ಮುಖ ತೊಳೆದು, ಹೊರಗೆ ಹೋಗಿ ಶಿವಕುಮಾರನ ಮುಂದೆ ನಿಂತಳು.

"ಸಾ... ಆ ಚಿರತೆ ನಮ್ಮಜ್ಜಿ."

ಶಿವಕುಮಾರ್ ಪುಸ್ತಕದಲ್ಲಿ ಬರೆಯುತ್ತಿದ್ದವನು ತಲೆಯೆತ್ತಿದ. "ಯಾವುದಮ್ಮ?"

"ನಾಲ್ಕೂ."

ಮೊದಲು ಬಾಯಿಬಿಟ್ಟವಳು ಪಾಪಮ್ಮ. "ನಿಮ್ಮಜ್ಜಿಗೆ ಬಾಲ ಐತೇನವ್ವ?"

ಭಾನುಪ್ರಿಯಾ ಒಳಗೆ ಹೋಗಿ ಮೈಕಿನ ಕೋಲು ತಂದು ಎತ್ತಿ ಹಿಡಿದಳು. ಬೂದುಬಣ್ಣದ ತುಪ್ಪಳ ಗಾಳಿಗೆ ಅಲ್ಲಾಡಿತು. ಗಂಡಸರು ಕಿಸಕ್ಕೆಂದರು. ಪಾಪಮ್ಮನ ಮುಖ ಕೆಂಪಾಯಿತು.

"ಅದಲ್ಲ ನಾನು ನೋಡಿದ್ದು. ಅದು ತಾನಾಗೇ ಅಲ್ಲಾಡ್ತಿತ್ತು."

"ನಾವು ಬಿದ್ದು ಬಿದ್ದು ನಗ್ತಿದ್ವಿ ಅಕ್ಕ. ಅದಕ್ಕೇ ಅಲ್ಲಾಡ್ತಿತ್ತು."

"ನಾನು ಅರಕಲಗೂಡಲ್ಲಿರೋ ನಮ್ಮ ನಾದಿನೀಗೂ ಫೋನ್ ಮಾಡಿ ಯೇಳಿವ್ನಿ!" ಪಾಪಮ್ಮ ಶಿವಕುಮಾರನ ಕಡೆ ತಿರುಗಿದಳು. "ಕಿರುಬಾನೇ ಸಾ ಅದು. ಈ ಹುಡ್ಗಿ ಮಾತು ಕೇಳ್ಬ್ಯಾಡಿ. ಮಡಕೇಲಿ ಎಲ್ಲಾನ ಅಂಥ ಸದ್ದು ಬತ್ತದಾ?"

ಶಿವಕುಮಾರನಿಗೂ ನಂಬಿಕೆ ಬರಲಿಲ್ಲ. ಹೊಲದ ಬದುವಿನಲ್ಲಿ ತಾನೇ ಕಂಡ ಹೆಜ್ಜೆ ಗುರುತಿನ ಫೋಟೊ ತೆಗೆದುಕೊಂಡಿದ್ದ. ಅದು ನಾಯಿಯದು ಎಂದು ಟ್ರಾಕ್ಟರಿನ ಮೇಲಿದ್ದ ಒಬ್ಬ ಹೆಂಗಸು ಆಗಲೇ ಹೇಳಿದ್ದಳು, ಅವನಿಗೆ ಅದು ಹಿಡಿಸಿರಲಿಲ್ಲ. "ಎಲ್ಲಿ, ಮಡಕೆ ತನ್ನಿ. ಎಲ್ಲರ ಮುಂದೆ ಒಂದ್ಸಲ ಮಾಡಿ ತೋರ್ಸಿ."

ಭಾನುಪ್ರಿಯಾ ಇಡೀ ಬೀದಿಯನ್ನು ನೋಡಿದಳು. ಚಿರತೆಯ ದೆಸೆಯಿಂದ ಇವತ್ತು ಮಿಕ್ಸಿ ಹಾಕಿದವರಿಲ್ಲ, ಹಳೇ ಕಬ್ಬಿಣದ ಆಟೊ ಊರೊಳಕ್ಕೇ ಬಂದಿಲ್ಲ, ಎಲ್ಲರೂ ಇಲ್ಲೇ ನಿಂತಿದ್ದಾರೆ.

"ತೋರಿಸ್ತೀವಿ ಸಾ. ಆದ್ರೆ ಒಂದು ಮಾತು. ನಾನು ಕೈ ಎತ್ತೋವರೆಗೂ ಯಾರೂ ಮಾತಾಡಬಾರದು, ಕೆಮ್ಮಬಾರದು, ಅಲ್ಲಾಡಲೂ ಬಾರದು. ಯಾರಾದ್ರೂ ಸದ್ದು ಮಾಡಿದ್ರೆ ಅದು ಮಡಕೇದಾ ನಿಮ್ದಾ ಅಂತ ಗೊತ್ತಾಗಲ್ಲ."

"ನಾನ್ಯಾಕೆ ಮಾತಾಡ್ಲಿ?" ಪಾಪಮ್ಮ ಅಂದಳು. "ನಾನು ಮಾತೇ ಆಡಾಕಿಲ್ಲ. ಬೇಕಾದ್ರೆ ಯಾರ್ನಾರ ಕೇಳು, ನಾನು ಮಾತಾಡೋಳೇ ಅಲ್ಲ. ನಮ್ಮ ನಾದಿನೀನೂ ಅದ್ನೇ..."

"ಪಾಪಮ್ಮಕ್ಕ!"

"ಆಯ್ತು."

ಕೆಂಚಯ್ಯನಿಗೆ ಜಗಲಿಯ ಮೇಲೇ ಜಾಗವಿತ್ತು. ಬೆಟ್ಟಮ್ಮ ಬೀದಿಯ ನಡುವೆ ಮಣೆ ಹಾಕಿಸಿಕೊಂಡು, ಹರವಿದ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ನಾಟಕದ ರಾಣಿಯ ಹಾಗೆ ಕೂತಳು. ಸುತ್ತ ನಲವತ್ತು ಜನ. ಭಾನುಪ್ರಿಯಾ ರೆಕಾರ್ಡರ್ ಒತ್ತಿ, ಮೈಕಿನ ಕೋಲು ನೀಡಿ, ತಲೆಯಾಡಿಸಿದಳು.

ಮೊದಲ ಎಳೆತ. ಮುಂದೆ ನಿಂತಿದ್ದವರು ಒಂದು ಹೆಜ್ಜೆ ಹಿಂದೆ ಹೋದರು. ಮಡಕೆ ಕಣ್ಣ ಮುಂದಿತ್ತು, ಹುರಿ ಕಣ್ಣ ಮುಂದಿತ್ತು, ಎಳೆದವಳು ದಿನಾ ನೋಡುವ ಬೆಟ್ಟಮ್ಮ. ಆದರೂ ಹೋದರು.

ಎರಡನೇ ಎಳೆತ. ಅದು ಇನ್ನೂ ತಗ್ಗಿನಲ್ಲಿ, ಇನ್ನೂ ಹತ್ತಿರದಲ್ಲಿ ಗುರುಗುಟ್ಟಿ, ಕೊನೆಯಲ್ಲಿ ಒಂದು ಚೂರು ಮೇಲೆದ್ದು ನಿಂತಿತು.

ಬೆಟ್ಟಮ್ಮ ಮೂರನೇ ಸಲ ಹುರಿಯ ಬುಡಕ್ಕೆ ಕೈ ತಂದಳು. ನಲವತ್ತು ಜೊತೆ ಕಣ್ಣು ಆ ಕೈಯ ಮೇಲೆ ನೆಟ್ಟವು. ಕೈ ಅಲ್ಲೇ ನಿಂತಿತು.

ಭಾನುಪ್ರಿಯಾ ರೆಕಾರ್ಡರಿನ ಅಂಕಿ ನೋಡುತ್ತಿದ್ದಳು. ಐದು ಸೆಕೆಂಡು. ಎಂಟು. ಯಾರೂ ಉಸಿರಾಡುತ್ತಿರಲಿಲ್ಲ. ಹನ್ನೊಂದು. ಶಿವಕುಮಾರನ ಕೈ ತಾನಾಗಿ ಲಾಠಿಯ ಕಡೆ ಹೋಯಿತು. ಹದಿನಾಲ್ಕು. ಒಬ್ಬ ಗಂಡಸು ಮೆಲ್ಲಗೆ ಕತ್ತು ತಿರುಗಿಸಿ ತನ್ನ ಬೆನ್ನ ಹಿಂದೆ ನೋಡಿಕೊಂಡ. ಅವನು ನೋಡಿದ್ದಕ್ಕೆ ಪಕ್ಕದವನೂ ನೋಡಿದ. ಹದಿನೇಳು. ಪಾಪಮ್ಮ ಭಾನುಪ್ರಿಯಾಳ ರಟ್ಟೆಗೆ ಉಗುರು ಊರಿ, ಒಳಕ್ಕೆ, ಬಹಳ ಒಳಕ್ಕೆ, ಒಂದು ಉಸಿರು ಎಳೆದುಕೊಂಡಳು. ಹತ್ತೊಂಬತ್ತು.

ಧಡಾರ್!

ಹುಣಸೆಮರದ ಕೆಳಗೆ ಬೋನಿನ ಬಾಗಿಲು ಬಿದ್ದಿತ್ತು.

ಆಮೇಲೆ ಏನಾಯಿತೆಂದು ಪೂರ್ತಿ ಹೇಳಬಲ್ಲವರು ಆ ಊರಿನಲ್ಲಿ ಯಾರೂ ಇಲ್ಲ, ಯಾಕೆಂದರೆ ನೋಡುವುದಕ್ಕೆ ಯಾರೂ ನಿಲ್ಲಲಿಲ್ಲ. ದೊಣ್ಣೆ ಬಿಟ್ಟು ಓಡಿದವರೆಷ್ಟೋ, ದೊಣ್ಣೆ ಹಿಡಿದೇ ಓಡಿದವರೆಷ್ಟೋ. ಟ್ರಾಕ್ಟರ್ ಹೆಂಗಸರನ್ನು ಹೊತ್ತುಕೊಂಡು ಶುಂಠಿ ಹೊಲದ ಕಡೆಗೇ ಹಾರಿತು. ಶಿವಕುಮಾರ್ ಜೀಪಿನ ಟಾಪಿನ ಮೇಲಿದ್ದ, ಹೇಗೆ ಹತ್ತಿದನೋ ಅವನಿಗೇ ಗೊತ್ತಿಲ್ಲ. ಬೆಟ್ಟಮ್ಮ ಮಡಕೆ ಅಪ್ಪಿಕೊಂಡು ಬಾಗಿಲ ಸಂದಿಯಲ್ಲಿದ್ದಳು. ಅವಳ ಬೆನ್ನಿಗೆ ಭಾನುಪ್ರಿಯಾ, ಭಾನುಪ್ರಿಯಾಳ ಬೆನ್ನಿಗೆ ಪಾಪಮ್ಮ. ಕೂತಲ್ಲೇ ಕೂತಿದ್ದವನು ಕೆಂಚಯ್ಯ ಒಬ್ಬನೇ. ಇವನ ಧೈರ್ಯ ದೊಡ್ಡದು ಎಂದು ಹತ್ತಿರ ಹೋಗಿ ನೋಡಿದರೆ ನಿದ್ದೆ ಮಾಡುತ್ತಿದ್ದ.

ಸ್ವಲ್ಪ ಹೊತ್ತಿಗೆ ಬೋನಿನೊಳಗಿಂದ ಕುಂಯ್ ಕುಂಯ್ ಎಂಬ ಸದ್ದು ಬಂತು. ಕೋಳಿಯ ಆಸೆಗೆ ಒಳಗೆ ನುಗ್ಗಿದ್ದು ಪಾಪಮ್ಮನ ನಾಯಿ. ಜೀಪಿನ ಮೇಲಿಂದಲೇ ಶಿವಕುಮಾರ್ ನಗಲು ಶುರು ಮಾಡಿದ. ಅವನು ನಕ್ಕ ಮೇಲೆ ಬೀದಿಯ ಆ ತುದಿಯಿಂದ ಈ ತುದಿಗೆ ನಗು ಹೊತ್ತಿಕೊಂಡಿತು. ಪಾಪಮ್ಮ ಮಾತ್ರ ನಾಯಿಯ ಕಿವಿ ಹಿಂಡಿ ಎಳೆದುಕೊಂಡು ಹೋಗುತ್ತ, "ನಾಯಿ ಬ್ಯಾರೆ, ನಾನು ನೋಡಿದ್ ಬ್ಯಾರೆ," ಎಂದಳು.

ಭಾನುಪ್ರಿಯಾಳ ರೆಕಾರ್ಡರ್ ಬೀದಿಯ ಮಣ್ಣಿನಲ್ಲಿ ಬಿದ್ದಿತ್ತು. ಕೆಂಪು ದೀಪ ಇನ್ನೂ ಉರಿಯುತ್ತಿತ್ತು.

ಹಾಸನದ ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು ಕೇಳಿದಳು. ಎರಡು ಎಳೆತ. ಆಮೇಲೆ ಹತ್ತೊಂಬತ್ತು ಸೆಕೆಂಡು ಏನೂ ಇಲ್ಲ. ಏನೂ ಇಲ್ಲ ಎನ್ನುವ ಹಾಗೂ ಇಲ್ಲ. ನಲವತ್ತು ಜನ ಉಸಿರು ಬಿಗಿಹಿಡಿದು ನಿಂತರೆ ಆ ಜಾಗ ಖಾಲಿ ಜಾಗದ ಹಾಗೆ ಕೇಳಿಸುವುದಿಲ್ಲ, ಯಾರೋ ತುಂಬ ಹತ್ತಿರ ನಿಂತ ಹಾಗೆ ಕೇಳಿಸುತ್ತದೆ. ಕೊನೆಯಲ್ಲಿ, ಕಿವಿಯ ಪಕ್ಕದಲ್ಲೇ, ಒಂದು ಉಸಿರು ಒಳಕ್ಕೆ. ಆಮೇಲೆ ಕಬ್ಬಿಣ. ಭಾನುಪ್ರಿಯಾ ಬಸ್ಸಿನ ಸೀಟಿನಿಂದ ಅಷ್ಟೆತ್ತರ ಹಾರಿದಳು. ಪಕ್ಕದಲ್ಲಿದ್ದ ಹೆಂಗಸು, "ಹಳ್ಳ ಇತ್ತಾ?" ಎಂದು ಕೇಳಿದಳು.

ಅವತ್ತು ಸಂಜೆ ಸ್ಟುಡಿಯೋದಲ್ಲಿ ಕೂತು ಅದನ್ನು ಗೇಮಿಗೆ ಹೊಂದಿಸಿದಳು. ಬೆರಳು ಎರಡು ಸಲ ವೀಣೆಯ ಕಡೆ ಹೋಯಿತು. ಎರಡು ಸಲವೂ ತನ್ನ ಕೈಗೆ ತಾನೇ ಒಂದು ಏಟು ಹಾಕಿಕೊಂಡಳು. ಹತ್ತೊಂಬತ್ತು ಸೆಕೆಂಡಿಗೆ ಏನನ್ನೂ ಸೇರಿಸಲಿಲ್ಲ.

ಸೋಮವಾರ ಒಂಬತ್ತೂವರೆಗೆ ಕೊಬ್ಬರಿ ಅಂಗಡಿಯ ಮೇಲಿನ ಕೋಣೆ. ಕಿಟಕಿಯಿಂದ ಒಳ್ಳೆಯ ಬಿಸಿಲು ಬರುತ್ತಿತ್ತು, ಕೆಳಗೆ ಅಂಗಡಿ ಇನ್ನೂ ತೆಗೆದಿರಲಿಲ್ಲ. ರಜನೀಶ ಹೆಡ್‌ಫೋನ್ ಹಾಕಿಕೊಂಡು ಆಟ ಶುರು ಮಾಡಿದ. ಭಾನುಪ್ರಿಯಾ ಅದೇ ಪ್ಲಾಸ್ಟಿಕ್ ಕುರ್ಚಿಯ ಅದೇ ತುದಿಯಲ್ಲಿ ಕೂತು ಅವನ ಮುಖ ನೋಡುತ್ತಿದ್ದಳು. ಪರದೆಯಲ್ಲಿ ಟಾರ್ಚಿನ ಬೆಳಕು ನಾರಿನ ರಾಶಿಗಳ ಮೇಲೆ ಹರಿಯಿತು. ಮೊದಲ ಎಳೆತಕ್ಕೆ ರಜನೀಶನ ಹುಬ್ಬು ಏರಿತು. ಎರಡನೆಯದಕ್ಕೆ ಟಾರ್ಚು ಆ ಸದ್ದಿನ ಕಡೆ ತಿರುಗಿತು. ಆಮೇಲೆ ನಿಂತಿತು.

ಅವನೇ ಮಾಡಿದ ಕಾರ್ಖಾನೆ. ಯಾವ ರಾಶಿಯ ಹಿಂದೆ ಏನಿದೆ, ಏನಿಲ್ಲ ಎನ್ನುವುದು ಅವನಿಗಿಂತ ಚೆನ್ನಾಗಿ ಗೊತ್ತಿದ್ದವರು ಲೋಕದಲ್ಲಿ ಇಲ್ಲ. ಆದರೂ ರಜನೀಶ ನಿಧಾನವಾಗಿ ಕತ್ತು ತಿರುಗಿಸಿದ. ಪರದೆಯಲ್ಲಲ್ಲ, ಕೋಣೆಯಲ್ಲಿ. ತನ್ನ ಬೆನ್ನ ಹಿಂದಿನ ಬಾಗಿಲು ನೋಡಿದ.

ಭಾನುಪ್ರಿಯಾ ಮನಸ್ಸಿನಲ್ಲೇ ಎಣಿಸಿದಳು. ಹದಿನೇಳು. ಪಾಪ, ಈಗ ಪಾಪಮ್ಮ. ಹದಿನೆಂಟು. ಹತ್ತೊಂಬತ್ತು.

ಕುರ್ಚಿ ಒಂದು ಕಡೆ ಬಿತ್ತು, ರಜನೀಶ ಒಂದು ಕಡೆ ಬಿದ್ದ. ಹೆಡ್‌ಫೋನ್ ಕೊರಳಿಗೆ ಸಿಕ್ಕಿಕೊಂಡು ಮೇಜಿನಿಂದ ಕೀಬೋರ್ಡನ್ನೂ ಎಳೆದುಕೊಂಡು ಬಂತು. ಭಾನುಪ್ರಿಯಾ ಎದ್ದು ನಿಂತು, ತಾನೇನು ಮಾಡುತ್ತಿದ್ದೇನೆಂದು ತಿಳಿಯದೆ, ಚಪ್ಪಾಳೆ ತಟ್ಟಿಬಿಟ್ಟಳು.

"ಅಕ್ಕ," ನೆಲದ ಮೇಲಿಂದ ರಜನೀಶ ಕೇಳಿದ, "ನನ್ನ ಕಿವೀಲಿ ಉಸಿರಾಡಿದ್ದು ಯಾರು?"

"ಪಾಪಮ್ಮ."

"ತೀರಿಕೊಂಡಿದಾರಾ?"

"ಇಲ್ಲಪ್ಪ. ಮಲ್ಲಿಪಟ್ಟಣದಲ್ಲಿ ಮೇಕೆ ಕಾಯ್ತಿದಾರೆ."

ಹತ್ತು ನಿಮಿಷ ಬೇಕಾಯಿತು ಕತೆ ಹೇಳಲು. ಮುಗಿದ ಮೇಲೆ ರಜನೀಶ ಎದ್ದು ಮಂಡಿ ಒರೆಸಿಕೊಂಡು ಮೊದಲನೇ ಸ್ಕ್ರೀನ್ ತೆರೆದ. ಸಂಗೀತ, ಭಾನುಪ್ರಿಯಾ. ಅದರ ಕೆಳಗೆ ಅವಳು ಹೇಳಿದಂತೆ ಇನ್ನೊಂದು ಸಾಲು ಹಾಕಿದ: ಮಡಕೆ, ಬೆಟ್ಟಮ್ಮ. ಭಾನುಪ್ರಿಯಾ ಫೋಟೊ ತೆಗೆದು ಊರಿಗೆ ಫೋನ್ ಮಾಡಿದಳು.

"ಎಷ್ಟ್ ದಪ್ಪಕ್ಕೆ ಆಕವ್ರೆ ನಿನ್ನ ಹೆಸ್ರು?" ಬೆಟ್ಟಮ್ಮ ಕೇಳಿದಳು.

"ದೊಡ್ಡದಾಗೇ ಇದೆ ಅಜ್ಜಿ. ನಿನ್ದೂ ಇದೆ. ಪಾಪಮ್ಮಕ್ಕನ ಉಸಿರಿಗೆ ರಜನೀಶ ಕುರ್ಚಿಯಿಂದ ಬಿದ್ದ!"

ಆ ಕಡೆ ಗಲಾಟೆ ಕೇಳಿಸಿತು, ಫೋನ್ ಬೆಟ್ಟಮ್ಮನ ಕೈಯಿಂದ ಪಾಪಮ್ಮನ ಕೈಗೆ ಹೋಯಿತು.

"ಏಯ್ ಬಾನು! ಉಸುರು ನಂದಂತೆ? ನನ್ನ ಹೆಸ್ರು ಎಲ್ಲವ್ವ? ಆಕ್ಸು! ಅಂಗೇ ಕಿರುಬ ನೋಡ್ದೋಳು ಅಂತ್ಲೂ ಆಕ್ಸು!"

ಹಿಂದಿನಿಂದ ಕೆಂಚಯ್ಯ ಗೊರಕೆಯ ವಿಚಾರ ಏನೋ ಕೂಗುತ್ತಿದ್ದ. ರಜನೀಶ ಹಲ್ಲು ಕಿರಿಯುತ್ತ ಟೈಪು ಮಾಡಿದ: ಉಸಿರು, ಪಾಪಮ್ಮ. ಹನ್ನೊಂದಕ್ಕೆ ಐದು ನಿಮಿಷ ಇರುವಾಗ ಗೇಮ್ ಕಳಿಸಿದ.

ಭಾನುಪ್ರಿಯಾ ಬ್ಯಾಗು ಹೆಗಲಿಗೇರಿಸಿ ಎದ್ದಳು. ಮಧ್ಯಾಹ್ನ ಒಂದು ಮದುವೆಯ ವಿಡಿಯೋ ಕಾಯುತ್ತಿತ್ತು.

"ಅಕ್ಕ," ರಜನೀಶ ಕರೆದ. ಅವನು ಪರದೆಗೆ ಬೆನ್ನು ಹಾಕಿ, ಬಾಗಿಲಿಗೆ ಮುಖ ಮಾಡಿ ಕೂತಿದ್ದ. "ಅಪ್ಪ ಬಂದು ಕೆಳಗೆ ಅಂಗಡಿ ತೆಗೆಯೋವರೆಗೂ ಇಲ್ಲೇ ಇರ್ತೀರಾ? ಟೀ ತರಿಸ್ತೀನಿ."

"ತರಿಸು," ಎಂದಳು ಭಾನುಪ್ರಿಯಾ. ಆಮೇಲೆ ಯೋಚಿಸಿದಳು. ತರಿಸಬೇಕೆಂದರೆ ಅವನು ಎದ್ದು ಆ ಬಾಗಿಲು ತೆಗೆಯಬೇಕು. ಅವನೂ ಅದನ್ನೇ ಯೋಚಿಸುತ್ತಿದ್ದ.

"ಇರು, ನಾನೇ ಹೋಗಿ ತರ್ತೀನಿ," ಎಂದಳು.

"ಬೇಡ ಬೇಡ," ರಜನೀಶ ಗಾಬರಿಯಿಂದ ಎದ್ದು ನಿಂತ. "ಇಬ್ರೂ ಹೋಗೋಣ."